ಮೊಟ್ಟೆಯೂ ಅಹಿಂಸೆಯೂ

ಬೇಯಿಸಿದ ಮೊಟ್ಟೆಯನ್ನು ಉದ್ದಕ್ಕೆ ಸೀಳಿ, ಹಳದಿಯನ್ನು ಹಸಿಮೆಣಸಿನಕಾಯಿ, ಕಾಳುಮೆಣಸಿನ ಪುಡಿ, ಕೊತ್ತಂಬರಿ ಸೊಪ್ಪು, ನಿಂಬೆರಸದೊಡನೆ ಕಿವುಚಿ ಮತ್ತೆ ಬಿಳಿಯ ಕುಳಿಗೆ ತುಂಬಿ ಔತಣದ ಊಟಕ್ಕೆ ಮುಂಚೆ ಹಂಚುವ ಮಸಾಲೆ ಮೊಟ್ಟೆ, ಹಾಸನ ಜಿಲ್ಲೆಯ ಹಳೇಕೋಟೆ ಸೀಮೆಯಲ್ಲಿ ಬರಿಯ ರುಚಿಯ ವಿಷಯವಲ್ಲ. ನೆರೆಯ ಚನ್ನರಾಯಪಟ್ಟಣ ತಾಲ್ಲೂಕಿನಲ್ಲೇ ಅಹಿಂಸೆಯನ್ನು ಪರಮಧರ್ಮವೆಂದು ಸಾರುವ ಜೈನ ಕ್ಷೇತ್ರ ಶ್ರವಣಬೆಳಗೊಳವಿದೆ.

ಜೈನ ಆಚಾರ್ಯ ಉಮಾಸ್ವಾತಿಯ ತತ್ತ್ವಾರ್ಥಸೂತ್ರವು ಜನ್ಮವನ್ನು ಸಮ್ಮೂರ್ಛನ, ಗರ್ಭ, ಉಪಪಾದ ಎಂದು ಮೂರಾಗಿ ವಿಂಗಡಿಸಿ, ಅಂಡಜಗಳನ್ನು, ಅಂದರೆ ಮೊಟ್ಟೆಯಿಂದ ಹುಟ್ಟುವ ಜೀವಿಗಳನ್ನು, ಗರ್ಭಜನ್ಮದಲ್ಲಿ ಸೇರಿಸುತ್ತದೆ. ಆದ್ದರಿಂದ ಜೈನರಿಗೆ ಮೊಟ್ಟೆಯೆಂದರೆ ಪಂಚೇಂದ್ರಿಯ ಜೀವಿಯೊಂದರ ಜನ್ಮಸ್ಥಾನ. ಫಾರಂ ಕೋಳಿ ಹುಂಜದ ಸಂಗವಿಲ್ಲದೆ ಇಡುವ ಮೊಟ್ಟೆಯಲ್ಲಿ ಭ್ರೂಣ ಬೆಳೆಯದು, ಹಾಗಾಗಿ ಅದನ್ನು ತಿಂದರೆ ದೋಷವಿಲ್ಲ ಎಂಬ ಪ್ರತಿವಾದ ಜೀವಶಾಸ್ತ್ರದ ಮಟ್ಟಿಗೆ ಸರಿಯೇ. ಆದರೆ ಅದೇ ಗ್ರಂಥ ಹಿಂಸೆಯನ್ನು ಪ್ರಮತ್ತಯೋಗದಿಂದ, ಎಂದರೆ ರಾಗಕ್ಕೂ ಎಚ್ಚರಗೇಡಿತನಕ್ಕೂ ವಶವಾದ ಮನಸ್ಸು, ಮಾತು, ಮೈಗಳ ನಡೆಯಿಂದ ಆಗುವ ಪ್ರಾಣಹರಣವೆಂದು ವಿವರಿಸುವುದರಿಂದ, ವಿಚಾರ ತಟ್ಟೆಯಾಚೆಗೂ ಸಾಗಬೇಕಾಗುತ್ತದೆ: ಮೊಟ್ಟೆತಳಿಯ ಗಂಡು ಮರಿಗಳನ್ನು ಹುಟ್ಟಿದೊಡನೆ ಕೊಲ್ಲುವ ಹ್ಯಾಚರಿಗಳ ರೂಢಿಯೂ ಹೇಂಟೆಗಳು ರೆಕ್ಕೆ ಬಿಚ್ಚಲಾಗದ ತಂತಿಪಂಜರಗಳೂ ಆ ಲೆಕ್ಕಕ್ಕೆ ಸೇರುತ್ತವೆ, ಮತ್ತು ಭ್ರೂಣದ ತರ್ಕಕ್ಕಿಂತ ಈ ಆಕ್ಷೇಪವೇ ನಿಶ್ಚಯವಾಗಿ ಹೆಚ್ಚು ಗಟ್ಟಿಯಾದುದು.

ಮೊಟ್ಟೆಯ ವಾದ ಶಾಲೆಗಳಲ್ಲೂ ಎದ್ದಿತ್ತು: ಕಲ್ಯಾಣ ಕರ್ನಾಟಕ ಮತ್ತು ವಿಜಯಪುರದ ಶಾಲೆಗಳಲ್ಲಿ 2021ರ ಡಿಸೆಂಬರಿನಿಂದ ಬಿಸಿಯೂಟದೊಡನೆ ಮೊಟ್ಟೆ ಕೊಡತೊಡಗಿದಾಗ ಕೆಲವು ಮಠಾಧೀಶರು ವಿರೋಧಿಸಿದರು. ಒಲ್ಲದ ಮಕ್ಕಳಿಗೆ ಬಾಳೆಹಣ್ಣಿನ ಏರ್ಪಾಡಿತ್ತು. ಹಸಿವಿನಿಂದ ಸೊರಗಿದ ಮಗುವಿನ ಮೊಟ್ಟೆಯನ್ನೂ ಔತಣದ ಮಸಾಲೆ ಮೊಟ್ಟೆಯನ್ನೂ ಒಂದೇ ತಕ್ಕಡಿಯಲ್ಲಿ ತೂಗುವುದು ಅನ್ಯಾಯ, ಏಕೆಂದರೆ ಮೊದಲನೆಯದರ ಹಿಂದೆ ಅಗತ್ಯವಿದೆ, ಎರಡನೆಯದರ ಹಿಂದೆ ನಾಲಗೆಯ ಆಸೆಯಷ್ಟೇ ಇದೆ.