ಬಂಡಾಯಕ್ಕೂ ಬಂಡವಾಳ ಬೇಕೆ?

ಹದಿಹರೆಯವೆಂದರೆ ಬಂಡಾಯದ ವಯಸ್ಸು ಎಂದು ನಾವು ಸಲೀಸಾಗಿ ಹೇಳಿಬಿಡುತ್ತೇವೆ. ಆದರೆ ಅದರ ಬೆಲೆ ಎಲ್ಲ ಮಕ್ಕಳಿಗೂ ಒಂದೇ ಏನು? 2004ರಿಂದ 2006ರವರೆಗೆ ಪ್ರಸಾರವಾದ ಮೆಕ್ಸಿಕೋದ ‘ರೆಬೆಲ್ದೆ’ ಧಾರಾವಾಹಿಯನ್ನು ನೆನೆದಾಗಲೆಲ್ಲ ನನ್ನನ್ನು ಕಾಡುವುದು ಈ ಪ್ರಶ್ನೆಯೇ. ಆ ಸ್ಪ್ಯಾನಿಷ್ ಪದದ ಅರ್ಥವೇ ಬಂಡುಕೋರ.

ಕಥೆ ನಡೆಯುವುದು ಸಿರಿವಂತರ ವಸತಿಶಾಲೆಯಲ್ಲಿ. ರಾಜಕಾರಣಿಯ ಮಗ, ಹೆಸರಾಂತ ಗಾಯಕಿಯ ಮಗಳು ಹಿರಿಯರಿಗೆ ಎದುರಾಡುತ್ತಾರೆ, ತಮ್ಮದೇ ಹಾಡಿನ ತಂಡ ಕಟ್ಟುತ್ತಾರೆ. ಎಡವಿದರೆ ಎತ್ತಿಕೊಳ್ಳಲು ಮನೆಯವರಿದ್ದಾರೆ. ಅದೇ ಶಾಲೆಯಲ್ಲಿ, ವಿದ್ಯಾರ್ಥಿವೇತನ ಪಡೆದು ಬಂದ ಮಕ್ಕಳನ್ನು ಓಡಿಸಲೆಂದೇ ಒಂದು ಗುಪ್ತಕೂಟವಿದೆ. ಆ ಮಕ್ಕಳಿಗೆ ಅಲ್ಲಿ ಉಳಿದುಕೊಳ್ಳುವುದೇ ಹೋರಾಟ.

2018ರಲ್ಲಿ ಆರಂಭವಾದ ಸ್ಪೇನಿನ ‘ಎಲಿತೆ’ ಸರಣಿಯ ನಾದಿಯಾಳೂ ವಿದ್ಯಾರ್ಥಿವೇತನದ ಹುಡುಗಿ. ಹಿಜಾಬ್ ತೆಗೆ, ಇಲ್ಲವೇ ಶಾಲೆ ಬಿಡು ಎನ್ನುತ್ತಾರೆ. ಓದು ನಿಲ್ಲಬಾರದೆಂದು ಅವಳು ತೆಗೆಯುತ್ತಾಳೆ. ಅವಳನ್ನು ಅಂಜುಬುರುಕಿ ಎನ್ನಲು ನನಗೆ ಮನಸ್ಸು ಬಾರದು. ಕಳೆದುಕೊಳ್ಳುವುದಕ್ಕೆ ಅವಳಿಗಿದ್ದದ್ದು ಅದೊಂದೇ ಅವಕಾಶ.

ಹಾಗಾದರೆ ಬಂಡಾಯವೆಂದರೆ ಯಾವುದು? ತನ್ನ ಸೀಟಿಗೆ ಭಯವಿಲ್ಲದ ಹುಡುಗಿ ಟೈ ಸಡಿಲಿಸಿ ಓಡಾಡಿದರೆ ಅದು ವಯಸ್ಸಿನ ಆಟ. ಆಕೆಯೇ, ಸೀಟು ಕಳೆದುಕೊಳ್ಳಬಹುದಾದ ಗೆಳತಿಯ ಪರವಾಗಿ ಬಾಯಿ ತೆರೆದಳೋ, ಅಂದೇ ಅವಳು ದೊಡ್ಡವಳಾದಳು ಎಂದು ನಾನು ತಿಳಿಯುತ್ತೇನೆ.