ಖಾಲಿ ಆಸನದ ಪ್ರಶ್ನೆ



2008ರ ಮೇ ತಿಂಗಳಲ್ಲಿ ನೆರೆಯ ದೇವನಹಳ್ಳಿಯಲ್ಲಿ ವಿಮಾನ ನಿಲ್ದಾಣ ಆರಂಭವಾದ ಮೇಲೆ ಕೋಲಾರ ಸೀಮೆಯ ನಮಗೆ ವಿಮಾನವೆಂಬುದು ದೂರದ ವಿಸ್ಮಯವಾಗಿ ಉಳಿದಿಲ್ಲ. ಈಗಂತೂ ಅದರ ಕಾಕ್‌ಪಿಟ್ಟನ್ನೇ ಮನೆಯಲ್ಲಿ ಕುಳಿತು ನೋಡಬಹುದು. ಕಂಪ್ಯೂಟರಿನಲ್ಲಿ ಮೂಡುವ ಸುತ್ತುನೋಟದ ಚಿತ್ರವನ್ನು ನಿಮ್ಮ ಮಕ್ಕಳು ಅತ್ತಿತ್ತ ತಿರುಗಿಸಿದರೆ ಸಾಕು: ವೇಗ, ಎತ್ತರ, ದಿಕ್ಕುಗಳನ್ನು ತೋರುವ ಪರದೆಗಳು, ತಲೆಯ ಮೇಲೆ ಗುಂಡಿಗಳ ಸಾಲುಗಳು, ಏರ್‌ಬಸ್ ಆದರೆ ಆಸನದ ಪಕ್ಕದಲ್ಲೊಂದು ಪುಟ್ಟ ಹಿಡಿ. ಮಕ್ಕಳು ಬೆರಗಾಗುತ್ತಾರೆ. ಬೆರಗು ಒಳ್ಳೆಯದೇ. ಆದರೆ ಇಂಥ ಚಿತ್ರಗಳಲ್ಲಿ ಪೈಲಟ್‌ಗಳ ಆಸನಗಳು ಸಾಮಾನ್ಯವಾಗಿ ಖಾಲಿ ಇರುತ್ತವೆ. ಯಂತ್ರವೇ ಇಷ್ಟೆಲ್ಲ ಮಾಡುವಾಗ ಅಲ್ಲಿ ಕೂರುವ ಮನುಷ್ಯನ ಹೊಣೆಯೇನು?

1990ರ ಫೆಬ್ರುವರಿ 14ರಂದು ಮುಂಬಯಿಯಿಂದ ಬಂದ ಇಂಡಿಯನ್ ಏರ್‌ಲೈನ್ಸ್‌ನ ಏರ್‌ಬಸ್ ಎ-320 ವಿಮಾನವು ಬೆಂಗಳೂರಿನ ಎಚ್.ಎ.ಎಲ್. ನಿಲ್ದಾಣದ ರನ್‌ವೇ ತಲಪುವ ಮೊದಲೇ ಗಾಲ್ಫ್ ಮೈದಾನದಲ್ಲಿ ನೆಲಕ್ಕಪ್ಪಳಿಸಿತು. 146 ಮಂದಿಯಲ್ಲಿ 92 ಮಂದಿ ಮಡಿದರು. ಅದು ಅಂದಿನ ಅತ್ಯಾಧುನಿಕ ವಿಮಾನಗಳಲ್ಲೊಂದು. ಆದರೆ ಇಳಿಯುವಾಗ ಎಂಜಿನ್‌ಗಳು ಕನಿಷ್ಠ ಶಕ್ತಿಯಲ್ಲೇ ಉಳಿದು ವೇಗ ಕುಗ್ಗುತ್ತ ಹೋಯಿತು. ಯಂತ್ರದ ಧ್ವನಿ 400, 300, 200 ಅಡಿ ಎಂದು ಎತ್ತರವನ್ನು ಸಾರುತ್ತಲೇ ಇತ್ತು. ಪೈಲಟ್‌ಗಳು ಅಪಾಯದ ತೀವ್ರತೆಯನ್ನು ಅರಿತು ತಕ್ಷಣ ಎಂಜಿನ್ ಶಕ್ತಿಯನ್ನು ಹೆಚ್ಚಿಸಲಿಲ್ಲವೆಂದು ತನಿಖೆ ತೀರ್ಮಾನಿಸಿತು.

ಅಗಲಿದವರನ್ನು ದೂಷಿಸಲು ಇದನ್ನು ಹೇಳುತ್ತಿಲ್ಲ. ನುರಿತವರೂ ಮೈಮರೆಯಬಹುದಾದರೆ ನಮ್ಮ ಪಾಡೇನು? ಯಂತ್ರ ಎಚ್ಚರಿಸಬಲ್ಲದು, ನಮ್ಮ ಪರವಾಗಿ ಎಚ್ಚರವಾಗಿರಲಾರದು. ನಮ್ಮ ತೋಟಗಳನ್ನೇ ನೋಡಿ. ಕರೆಂಟ್ ಬಂದೊಡನೆ ಆಟೊ ಸ್ಟಾರ್ಟರ್ ತಾನಾಗಿ ಮೋಟಾರ್ ಓಡಿಸುತ್ತದೆ. ಕೊಳವೆಬಾವಿ ಬತ್ತಿದ್ದನ್ನು ಗಮನಿಸುವವರಿಲ್ಲದಿದ್ದರೆ ಮೋಟಾರೇ ಸುಟ್ಟೀತು. ಅಜ್ಜಿಗೆ ಔಷಧದ ಹೊತ್ತಾಯಿತೆಂದು ಮೊಬೈಲ್ ಬಡಿದುಕೊಳ್ಳುತ್ತದೆ. ಎದ್ದು ಹೋಗಿ ಮಾತ್ರೆ ಕೊಡುವ ಕೈ ಮಾತ್ರ ನಮ್ಮದೇ ಆಗಿರಬೇಕು. ಅನುಕೂಲ ಹೆಚ್ಚಿದಷ್ಟೂ ಹೊಣೆ ಕಡಿಮೆಯಾಯಿತೆಂಬ ಭ್ರಮೆ ನಮ್ಮನ್ನು ಮೆಲ್ಲನೆ ಆವರಿಸುತ್ತದೆ.

ಪರದೆಯ ಮೇಲಿನ ಕಾಕ್‌ಪಿಟ್ಟಿಗೆ ಪ್ರಯಾಣಿಕರಿಲ್ಲ. ಅಲ್ಲಿ ತಪ್ಪಿದರೆ ಯಾರಿಗೂ ನೋವಿಲ್ಲ. ನಿಜವಾದ ಕಾಕ್‌ಪಿಟ್ಟಿನ ಬಾಗಿಲಾಚೆ ನಂಬಿ ಕುಳಿತ ಜನರಿರುತ್ತಾರೆ. ನಮ್ಮ ಮನೆಗಳಲ್ಲಿಯೂ ಹಾಗೆಯೇ. ಮುಂದಿನ ಸಲ ಮಕ್ಕಳೊಡನೆ ಆ ಚಿತ್ರ ನೋಡುವಾಗ ಗುಂಡಿಗಳನ್ನು ಎಣಿಸಿದ ಬಳಿಕ ಆ ಖಾಲಿ ಆಸನದತ್ತ ಒಮ್ಮೆ ಬೆರಳು ತೋರಿಸಿ. ಅಲ್ಲಿ ಕೂರುವವರು ಎಂಥವರಾಗಿರಬೇಕೆಂದು ಕೇಳಿ. ಅವರ ಉತ್ತರ ನಮ್ಮನ್ನೂ ಕುರಿತದ್ದಾಗಿರುತ್ತದೆ.