ಎತ್ತರದ ಕಣ್ಣು

ಯುದ್ಧಕ್ಕೆ ಹೋದ ಮೊದಲ ವಿಮಾನ ಯಾರನ್ನೂ ಕೊಲ್ಲಲಿಲ್ಲ. ನೋಡಿಕೊಂಡು ಬಂತು. 1911ರ ಅಕ್ಟೋಬರ್ 23ರಂದು ಲಿಬಿಯಾದ ಟ್ರಿಪೋಲಿಯ ಬಳಿ ಇಟಲಿ ಸೇನೆಯ ಕ್ಯಾಪ್ಟನ್ ಕಾರ್ಲೋ ಪಿಯಾಝಾ ತನ್ನ ಬ್ಲೇರಿಯೋ ವಿಮಾನದಲ್ಲಿ ತುರ್ಕರ ಬಿಡಾರಗಳ ಮೇಲೆ ಸುತ್ತುಹಾಕಿ, ಎಲ್ಲೆಲ್ಲಿ ಸೈನ್ಯ ಬೀಡುಬಿಟ್ಟಿದೆ ಎಂದು ಕಣ್ಣಳತೆಯಲ್ಲಿ ಗುರುತಿಸಿಕೊಂಡು ಮರಳಿದ. ನವೆಂಬರ್ 1ರಂದು ಅದೇ ದಂಡಿನ ಜೂಲಿಯೋ ಗವೋಟಿ ಅಂಗೈಯಲ್ಲಿ ಹಿಡಿಯುವಷ್ಟು ಚಿಕ್ಕ ನಾಲ್ಕು ಬಾಂಬುಗಳನ್ನು ಜೊತೆಗಿಟ್ಟುಕೊಂಡು ಹೊರಟ. ಹಾರುತ್ತಲೇ ಒಂದು ಕೈಯಲ್ಲಿ ವಿಮಾನವನ್ನು ಹತೋಟಿಯಲ್ಲಿಟ್ಟು, ಇನ್ನೊಂದು ಕೈಯಲ್ಲಿ ಬಾಂಬನ್ನು ಸಿದ್ಧಮಾಡಿ, ಐನ್ ಝಾರಾದ ಬಿಡಾರದ ಮೇಲೂ ಅಲ್ಲೇ ಸುತ್ತಮುತ್ತಲೂ ಎಸೆದ. ನೋಟಕ್ಕೂ ಹೊಡೆತಕ್ಕೂ ನಡುವೆ ಒಂಬತ್ತೇ ದಿನ.

ಯುದ್ಧವಿಮಾನಗಳ ಚರಿತ್ರೆಯನ್ನು ಸಾಮಾನ್ಯವಾಗಿ ಇಂಜಿನ್ನುಗಳ ಚರಿತ್ರೆಯೆಂಬಂತೆ ಬರೆಯುತ್ತಾರೆ. ಎಷ್ಟು ವೇಗ, ಎಷ್ಟು ಎತ್ತರ, ಎಷ್ಟು ಭಾರ ಹೊರುತ್ತದೆ ಎಂಬ ಲೆಕ್ಕ. ನನಗೆ ಅದು ನೋಟದ ಚರಿತ್ರೆಯಾಗಿಯೇ ಕಾಣುತ್ತದೆ. ಮೇಲಕ್ಕೆ ಏರಿದವನಿಗೆ ಹೆಚ್ಚು ಕಾಣುತ್ತದೆ, ಅದು ನಿಜ. ಏನು ಕಾಣುತ್ತದೆ, ಏನು ಕಾಣದೆ ಹೋಗುತ್ತದೆ, ಅದನ್ನು ತೀರ್ಮಾನಿಸುವವರು ಯಾರು ಎಂಬುದು ಈ ನೂರು ಚಿಲ್ಲರೆ ವರ್ಷಗಳಲ್ಲೂ ಇತ್ಯರ್ಥವಾಗದ ಪ್ರಶ್ನೆ.

1914ರ ಸೆಪ್ಟೆಂಬರಿನಲ್ಲಿ ಪ್ಯಾರಿಸ್ಸಿನತ್ತ ನುಗ್ಗುತ್ತಿದ್ದ ಜರ್ಮನ್ ಸೇನೆ ನಗರದ ಪೂರ್ವಕ್ಕೆ ಹೊರಳಿಕೊಂಡದ್ದನ್ನು ಫ್ರೆಂಚ್ ವೈಮಾನಿಕರು ಕಂಡು ಬಂದು ಹೇಳಿದರು. ಮಾರ್ನ್ ನದಿಯ ಕಾಳಗಕ್ಕೆ ಆ ಸುದ್ದಿಯ ಬಲವಿತ್ತು. ಹಾಗೆ ನೋಡುವ ಕಣ್ಣು ಇಷ್ಟು ಬೆಲೆಬಾಳುವುದಾದರೆ ಶತ್ರುವಿನ ಕಣ್ಣನ್ನು ಕಟ್ಟಬೇಕಲ್ಲ? ಮೊದಮೊದಲು ಪಿಸ್ತೂಲು, ಬಂದೂಕುಗಳಲ್ಲಿ ಒಬ್ಬರಿಗೊಬ್ಬರು ಗುಂಡು ಹಾರಿಸಿಕೊಂಡರು. 1915ರಲ್ಲಿ, ತಿರುಗುವ ಪ್ರೊಪೆಲ್ಲರಿನ ರೆಕ್ಕೆಗಳ ನಡುವಿನಿಂದಲೇ ಅದಕ್ಕೆ ತಗುಲದಂತೆ ಮಷಿನ್‌ಗನ್ ಹಾರಿಸುವ ಏರ್ಪಾಡು ಜರ್ಮನಿಯ ಫೋಕರ್ ವಿಮಾನಗಳಿಗೆ ಬಂತು. ನಾವು ಇಂದು ಶೌರ್ಯದ ಪ್ರತೀಕವೆಂದು ಬಗೆಯುವ ಫೈಟರ್ ವಿಮಾನ ಹುಟ್ಟಿದ್ದು ಹೀಗೆ, ಇನ್ನೊಬ್ಬ ನೋಡದಂತೆ ತಡೆಯಲಿಕ್ಕೆ. ಆಕಾಶದ ದ್ವಂದ್ವಯುದ್ಧದ ಎಲ್ಲ ವೀರಗಾಥೆಗಳ ಬುಡದಲ್ಲಿ ಕ್ಯಾಮೆರಾ ಹಿಡಿದ, ತಂತಿಯಿಲ್ಲದ ತಂತಿಯಲ್ಲಿ ಫಿರಂಗಿಗಳಿಗೆ ಗುರಿ ತಿದ್ದಿ ಹೇಳುವ, ನಿಧಾನವಾಗಿ ಸುತ್ತುವ ಒಂದು ವಿಮಾನವಿದೆ. ಅದರ ಹೆಸರು ಯಾರ ನೆನಪಿನಲ್ಲೂ ಉಳಿದಿಲ್ಲ.

ಬಾಂಬರ್ ವಿಮಾನದ ಕತೆ ಬೇರೆ. ಅದು ಕಾಣದಿರುವುದರ ಕತೆ. 1917ರ ಜೂನ್ 13ರಂದು ಹಾಡುಹಗಲಲ್ಲಿ ಲಂಡನ್ನಿನ ಮೇಲೆ ಬಂದ ಜರ್ಮನಿಯ ಗೋಥಾ ವಿಮಾನಗಳು ಉದುರಿಸಿದ ಬಾಂಬುಗಳಲ್ಲಿ ಒಂದು ಪಾಪ್ಲರ್ ಬಡಾವಣೆಯ ಶಾಲೆಯ ಸೂರನ್ನು ಸೀಳಿಕೊಂಡು ಇಳಿಯಿತು. 18 ಮಕ್ಕಳು ಸತ್ತರು. ಹೆಚ್ಚಿನವು ಐದರ ಆಸುಪಾಸಿನ ಹಸುಳೆಗಳು. ಅಷ್ಟು ಎತ್ತರದಿಂದ ಶಾಲೆಯೂ ಗೋದಾಮೂ ಒಂದೇ ಬಣ್ಣದ ಮಾಡು.

ಎರಡನೆಯ ಮಹಾಯುದ್ಧದ ಹೊತ್ತಿಗೆ ಈ ಕುರುಡಿಗೆ ಲೆಕ್ಕವೇ ಸಿಕ್ಕಿತು. 1941ರ ಆಗಸ್ಟಿನಲ್ಲಿ ಬ್ರಿಟನ್ನಿನ ಡೇವಿಡ್ ಬೆನ್ಸುಸಾನ್ ಬಟ್ ಎಂಬ ಸರ್ಕಾರಿ ಅಧಿಕಾರಿ ರಾತ್ರಿ ದಾಳಿಗಳಲ್ಲಿ ತೆಗೆದ ಆರುನೂರಕ್ಕೂ ಹೆಚ್ಚು ಫೋಟೋಗಳನ್ನು ಪರಿಶೀಲಿಸಿ ವರದಿ ಕೊಟ್ಟ. ಗುರಿ ಮುಟ್ಟಿದೆವೆಂದು ಹೇಳಿಕೊಂಡ ವಿಮಾನಗಳಲ್ಲಿ ಮೂರಕ್ಕೆ ಒಂದು ಮಾತ್ರ ಗುರಿಯಿಂದ ಐದು ಮೈಲಿಯ ಒಳಗೆ ಹೋಗಿತ್ತು. ಐದು ಮೈಲಿ! ಈ ವರದಿ ಓದಿದವರ ಮುಂದೆ ಎರಡು ದಾರಿಗಳಿದ್ದವು. ಕಣ್ಣನ್ನು ಸರಿಪಡಿಸಿಕೊಳ್ಳುವುದು ಒಂದು. ಕಣ್ಣಿಗೆ ತಪ್ಪಿಹೋಗದಷ್ಟು ದೊಡ್ಡದಾಗಿ ಗುರಿಯನ್ನೇ ಹಿಗ್ಗಿಸುವುದು ಇನ್ನೊಂದು. ಮೊದಲನೆಯದಕ್ಕೆ ರೇಡಾರು, ರೇಡಿಯೋಗಳ ಪ್ರಯತ್ನ ನಡೆದೇ ಇತ್ತು. 1942ರ ಫೆಬ್ರವರಿ 14ರ ಆದೇಶ ಎರಡನೆಯದನ್ನು ಹಿಡಿಯಿತು. ಇನ್ನು ಮೇಲೆ ಕಾರ್ಖಾನೆ ಗುರಿಯಲ್ಲ, ಅದರ ಸುತ್ತಲಿನ ಊರೇ ಗುರಿ. ಆ ಊರಿನಲ್ಲಿ ಬದುಕುವ ಕೆಲಸಗಾರರ ಸ್ಥೈರ್ಯವೇ ಗುರಿ. ಯುದ್ಧದ ಚರಿತ್ರೆಯಲ್ಲಿ ಇಷ್ಟು ನೇರವಾದ, ಇಷ್ಟು ಭೀಕರವಾದ ತರ್ಕ ಇನ್ನೊಂದು ನನಗೆ ಗೊತ್ತಿಲ್ಲ: ಕಾಣಿಸುತ್ತಿಲ್ಲವಾದ್ದರಿಂದ ಎಲ್ಲವನ್ನೂ ಸುಡು.

ಈ ಕೆಲಸಕ್ಕೆ ಒದಗಿದ ವಿಮಾನ ಲ್ಯಾಂಕಾಸ್ಟರ್. ರಾಯ್ ಚಾಡ್ವಿಕ್ ರೂಪಿಸಿದ್ದು, 1941ರ ಜನವರಿಯಲ್ಲಿ ಮೊದಲು ಹಾರಿದ್ದು. ನಾಲ್ಕು ಇಂಜಿನ್, ಏಳು ಜನ, ಹೊಟ್ಟೆಯುದ್ದಕ್ಕೂ ಸುಮಾರು ಹತ್ತು ಮೀಟರಿನ ಅಡೆತಡೆಯಿಲ್ಲದ ಬಾಂಬುಗೂಡು. 7,377 ವಿಮಾನಗಳು ತಯಾರಾದವು. 1943ರ ಜುಲೈ 27ರ ರಾತ್ರಿ ಹ್ಯಾಂಬರ್ಗಿನ ಮೇಲೆ ಹಾರಿದ ವಿಮಾನಗಳಲ್ಲಿ ಇವೂ ಇದ್ದವು. ಬೇಸಗೆಯ ಒಣ ರಾತ್ರಿ. ಬೇರೆಬೇರೆಯಾಗಿ ಹೊತ್ತಿದ ಬೆಂಕಿಗಳು ಒಂದಾಗಿ, ಸುತ್ತಲಿನ ಗಾಳಿಯನ್ನೆಲ್ಲ ಹೀರಿ, ಬೆಂಕಿಯ ಬಿರುಗಾಳಿಯೇ ಎದ್ದಿತು. ಆ ವಾರದ ದಾಳಿಗಳಲ್ಲಿ ಸತ್ತವರು ಮೂವತ್ತು ಸಾವಿರಕ್ಕೂ ಮಿಕ್ಕು. ಬಾಂಬರ್ ಪಡೆಯ ಮುಖ್ಯಸ್ಥ ಆರ್ಥರ್ ಹ್ಯಾರಿಸ್ ಬಳಿ ನೀಲಿ ಪುಸ್ತಕಗಳೆಂದು ಕರೆಸಿಕೊಂಡ ದಪ್ಪ ಆಲ್ಬಮ್ಮುಗಳಿದ್ದವು. ನಾಶವಾದ ಊರುಗಳ ವೈಮಾನಿಕ ಚಿತ್ರಗಳು, ಸುಟ್ಟ ಭಾಗಕ್ಕೆ ನೀಲಿ ಬಣ್ಣ. ಬಂದ ಗಣ್ಯರಿಗೆ ಅವನ್ನು ತೆರೆದು ತೋರಿಸುತ್ತಿದ್ದ. ಅಲ್ಲಿ ಲೆಕ್ಕ ಎಕರೆಗಳಲ್ಲಿತ್ತು.

ವಿಮಾನದೊಳಗಿದ್ದ ಹುಡುಗರನ್ನು ಕ್ರೂರಿಗಳೆಂದು ಬಗೆಯಲು ನನ್ನ ಮನಸ್ಸು ಒಪ್ಪದು. ಇಪ್ಪತ್ತೊಂದು, ಇಪ್ಪತ್ತೆರಡರ ಪ್ರಾಯ. ಆ ಪಡೆಯಲ್ಲಿ ಹಾರಿದ ಸುಮಾರು 1,25,000 ಜನರಲ್ಲಿ 55,573 ಮಂದಿ ಮರಳಿ ಬರಲಿಲ್ಲ. ಮೂಗಿನ ತುದಿಯಲ್ಲಿ ಬೋರಲು ಮಲಗಿ ಗುರಿ ನೋಡುವವನಿಗೆ ಕೆಳಗೆ ಕಾಣುತ್ತಿದ್ದದ್ದು ಬಣ್ಣದ ಬೆಳಕುಗಳು ಮತ್ತು ಕೆಂಪು ಹೊಗೆ. ಅವನಿಗೆ ಮುಖಗಳು ಕಾಣಲಿಲ್ಲ. ಕಂಡಿದ್ದರೆ? ಈ ಪ್ರಶ್ನೆಗೆ ಸುಲಭವಾದ ಉತ್ತರವೊಂದು ನಾಲಗೆಯ ತುದಿಯಲ್ಲಿರುತ್ತದೆ: ಹತ್ತಿರದಿಂದ ಕಂಡವನು ಕೊಲ್ಲಲಾರ ಎಂದು. ನಾನೂ ಬಹಳ ಕಾಲ ಅದನ್ನೇ ನಂಬಲು ಆಸೆಪಟ್ಟವನು. ಆದರೆ ನೋಟದ ಚರಿತ್ರೆ ಅಷ್ಟು ಮೃದುವಾಗಿಲ್ಲ.

ಅದೇ ಯುದ್ಧದಲ್ಲಿ ಲಂಡನ್ನಿನ ಪಶ್ಚಿಮಕ್ಕೆ ಮೆಡ್ಮನ್‌ಹ್ಯಾಮ್ ಎಂಬಲ್ಲಿ ಒಂದು ಬಂಗಲೆ ತುಂಬ ಜನ ಕುಳಿತು ವೈಮಾನಿಕ ಚಿತ್ರಗಳನ್ನು ಓದುತ್ತಿದ್ದರು. ಬಂದೂಕುಗಳನ್ನೆಲ್ಲ ಕಳಚಿ ಕ್ಯಾಮೆರಾ ಮಾತ್ರ ಹೊತ್ತು ಹಾರುತ್ತಿದ್ದ ಸ್ಪಿಟ್‌ಫೈರ್, ಮಾಸ್ಕಿಟೋ ವಿಮಾನಗಳು ತಂದ ಚಿತ್ರಗಳು. ಅಲ್ಲಿನ ಕಾನ್ಸ್‌ಟೆನ್ಸ್ ಬ್ಯಾಬಿಂಗ್ಟನ್ ಸ್ಮಿತ್ ಎಂಬ ಮಹಿಳೆ 1943ರ ಕೊನೆಗೆ ಪೀನೆಮ್ಯುಂಡೆಯ ಚಿತ್ರವೊಂದರಲ್ಲಿ ಇಳಿಜಾರು ಹಳಿಯ ಮೇಲೆ ಕುಳಿತ ಪುಟ್ಟ ಶಿಲುಬೆಯಾಕಾರದ ಚುಕ್ಕೆಯನ್ನು ಹೆಕ್ಕಿ ತೆಗೆದಳು. ಅದು ಮುಂದೆ ಲಂಡನ್ನಿನ ಮೇಲೆ ಬೀಳಲಿದ್ದ ವಿ-1 ಹಾರುಬಾಂಬು. ಅಷ್ಟು ಚುರುಕಾದ ಕಣ್ಣುಗಳ ಕಾಲದಲ್ಲೇ ಇನ್ನೊಂದೂ ನಡೆಯಿತು. 1944ರ ಏಪ್ರಿಲ್ 4ರಂದು ಇಟಲಿಯಿಂದ ಹೊರಟ ದಕ್ಷಿಣ ಆಫ್ರಿಕಾದ ಮಾಸ್ಕಿಟೋ ವಿಮಾನ ಪೋಲೆಂಡಿನ ಮೊನೊವಿಟ್ಸ್ ಕಾರ್ಖಾನೆಯ ಚಿತ್ರ ತೆಗೆಯಿತು. ಕೃತಕ ರಬ್ಬರು, ಇಂಧನದ ಕಾರ್ಖಾನೆ. ರೀಲು ಸ್ವಲ್ಪ ಮುಂಚೆ ಶುರುವಾಗಿ ಸ್ವಲ್ಪ ತಡವಾಗಿ ನಿಂತದ್ದರಿಂದ ಪಕ್ಕದ ಆಶ್‌ವಿಟ್ಸ್‌ನ ನಾತ್ಸಿ ಸಾವಿನ ಶಿಬಿರ ಕೂಡ ಅದರಲ್ಲಿ ಮೂಡಿತು. ಆ ಬೇಸಗೆಯಲ್ಲಿ ಮತ್ತೆ ಮತ್ತೆ ಚಿತ್ರಗಳು ಬಂದವು. ಓದುವವರು ಕಾರ್ಖಾನೆಯನ್ನು ಓದಿದರು. ಬಾಯ್ಲರುಗಳನ್ನು, ಕೊಳವೆಗಳನ್ನು ಗುರುತಿಸಿದರು. ಅವರಿಗೆ ಕೇಳಿದ್ದ ಪ್ರಶ್ನೆ ಅದೇ ಆಗಿತ್ತು. ಮೂವತ್ತಕ್ಕೂ ಹೆಚ್ಚು ವರ್ಷ ಕಳೆದ ಮೇಲೆ, 1970ರ ದಶಕದ ಕೊನೆಗೆ, ಅಮೆರಿಕದ ಡಿನೋ ಬ್ರುಜಿಯೋನಿ ಮತ್ತು ರಾಬರ್ಟ್ ಪೊಯ್ರಿಯೆ ಎಂಬ ಇಬ್ಬರು ತಜ್ಞರು ಅವೇ ರೀಲುಗಳನ್ನು ಹೊರತೆಗೆದು ದೊಡ್ಡದು ಮಾಡಿ ನೋಡಿದರು. ನಿಂತ ರೈಲು, ವಿಷಾನಿಲದ ಕಟ್ಟಡಗಳು, ಆಗಸ್ಟ್ 25ರ ಚಿತ್ರದಲ್ಲಿ ಸಾಲಾಗಿ ನಡೆಯುತ್ತಿರುವ ಮನುಷ್ಯರು. ಎಲ್ಲವೂ ಆ ಚಿತ್ರದಲ್ಲಿ ಆವತ್ತಿನಿಂದಲೂ ಇತ್ತು.

ಇದನ್ನು ಓದಿದಾಗಲೆಲ್ಲ ನನಗೆ ತ್ರಿಜಟೆ ನೆನಪಾಗುತ್ತಾಳೆ. ವಾಲ್ಮೀಕಿಯ ಯುದ್ಧಕಾಂಡದಲ್ಲಿ ಇಂದ್ರಜಿತುವಿನ ಸರ್ಪಬಾಣಗಳಿಗೆ ರಾಮಲಕ್ಷ್ಮಣರು ಉರುಳಿದಾಗ, ಆ ದೃಶ್ಯವನ್ನು ಸೀತೆಗೆ ತೋರಿಸಿ ಅವಳ ಎದೆಯೊಡೆಯಲೆಂದು ರಾವಣ ಅವಳನ್ನು ಪುಷ್ಪಕದಲ್ಲಿ ಕೂರಿಸಿ ಕಳಿಸುತ್ತಾನೆ. ಯುದ್ಧಭೂಮಿಯ ಮೇಲೆ ವಿಮಾನ, ಒಳಗೆ ಇಬ್ಬರು ಹೆಂಗಸರು. ಸೀತೆ ಕೆಳಗೆ ನೋಡಿ ಗಂಡ ಸತ್ತನೆಂದೇ ಗೋಳಾಡುತ್ತಾಳೆ. ಕಾವಲಿಗೆಂದು ಬಂದ ತ್ರಿಜಟೆಯೂ ಅದೇ ಎತ್ತರದಿಂದ ಅದನ್ನೇ ನೋಡುತ್ತಾಳೆ. ಮುಖದ ಕಾಂತಿ ಆರಿಲ್ಲ, ಒಡೆಯನನ್ನು ಕಳೆದುಕೊಂಡ ಸೈನ್ಯ ಹೀಗೆ ಗಟ್ಟಿಯಾಗಿ ಕಾದು ನಿಲ್ಲುವುದಿಲ್ಲ, ಇವರು ಬದುಕಿದ್ದಾರೆ ಎನ್ನುತ್ತಾಳೆ. ವಿಮಾನ ರಾವಣನದು, ಹಾರಾಟದ ಉದ್ದೇಶ ರಾವಣನದು. ಆದರೂ ತ್ರಿಜಟೆ ರಾವಣ ಕೇಳದ ಪ್ರಶ್ನೆಯೊಂದನ್ನು ಆ ದೃಶ್ಯಕ್ಕೆ ಕೇಳಿದಳು. ಮೆಡ್ಮನ್‌ಹ್ಯಾಮಿನ ಜಾಣರಿಗೆ ಆ ಅವಕಾಶವಾಗಲಿಲ್ಲ. ಅವರ ಮೇಜಿನ ಮೇಲೆ ಪ್ರತಿದಿನ ಸಾವಿರಾರು ಚಿತ್ರಗಳು ಬಂದು ಬೀಳುತ್ತಿದ್ದವು ಎಂಬುದೂ ಸತ್ಯವೇ.

ಹಾಗಾದರೆ ಎತ್ತರವೊಂದೇ ಅಪರಾಧಿಯಲ್ಲ. ಇದನ್ನು ಅರ್ಥಮಾಡಿಕೊಳ್ಳಲು ಹಾಲೆಂಡಿನ ಹೇಗ್ ನಗರದ ಎರಡು ದಿನಗಳನ್ನು ಒಟ್ಟಿಗೆ ಇಟ್ಟು ನೋಡಬೇಕು. 1945ರ ಮಾರ್ಚ್ 3ರಂದು ಅಲ್ಲಿನ ಕಾಡಿನಲ್ಲಿದ್ದ ಜರ್ಮನ್ ರಾಕೆಟ್ ನೆಲೆಗೆಂದು ಬಂದ ಬ್ರಿಟಿಷ್ ವಾಯುಪಡೆಯ ವಿಮಾನಗಳು ಬಾಂಬುಗಳನ್ನು ಬೆಜೌಡನ್‌ಹೌಟ್ ಬಡಾವಣೆಯ ಮನೆಗಳ ಮೇಲೆ ಸುರಿದವು. ನಕ್ಷೆಯ ಗುರಿಯಲ್ಲೇ ತಪ್ಪಾಗಿತ್ತು. 500ಕ್ಕೂ ಹೆಚ್ಚು ಜನ, ಯಾರ ಬಿಡುಗಡೆಗಾಗಿ ಯುದ್ಧ ನಡೆದಿತ್ತೋ ಅವರೇ, ಸತ್ತರು. ಏಪ್ರಿಲ್ 29ರಂದು ಮತ್ತೆ ಬ್ರಿಟಿಷ್ ವಿಮಾನಗಳು ಬಂದವು, ಈ ಸಲ ಲ್ಯಾಂಕಾಸ್ಟರ್‌ಗಳು. ಆ ಚಳಿಗಾಲದಲ್ಲಿ ಪಶ್ಚಿಮ ಹಾಲೆಂಡಿನಲ್ಲಿ ಸುಮಾರು 20,000 ಜನ ಹಸಿವಿನಿಂದ ಸತ್ತಿದ್ದರು. ಟ್ಯುಲಿಪ್ ಹೂವಿನ ಗೆಡ್ಡೆಗಳನ್ನು ಬೇಯಿಸಿ ತಿಂದಿದ್ದರು. ಅಖ್ತರ್‌ಫೆಲ್ಡ್ ಎಂಬ ಹಳ್ಳಿಯ ಶಾಲೆಯಲ್ಲಿ ಮಿತ್ರಪಡೆಗಳೂ ಜರ್ಮನ್ ಅಧಿಕಾರಿಗಳೂ ಎದುರುಬದುರು ಕೂತು ಮಾತುಕತೆ ಶುರುಮಾಡಿದ್ದರು, ಒಪ್ಪಂದ ಇನ್ನೂ ಕೈಗೂಡಿರಲಿಲ್ಲ. ಮೊದಲು ಹೊರಟ ಎರಡು ಲ್ಯಾಂಕಾಸ್ಟರ್‌ಗಳು ಜರ್ಮನ್ ಫಿರಂಗಿಗಳ ಬಾಯಿಯ ಮುಂದೆಯೇ ಹಾರಿ ಹೇಗ್ ಬಳಿಯ ಕುದುರೆಜೂಜಿನ ಮೈದಾನದಲ್ಲಿ ಮೂಟೆಗಳನ್ನು ಬೀಳಿಸಿದವು. ಪ್ಯಾರಾಚೂಟ್ ಇಲ್ಲದ ಗೋಣಿಮೂಟೆಗಳು ಒಡೆಯಬಾರದಲ್ಲ, ಹಾಗಾಗಿ ನಾಲ್ಕೈದು ನೂರು ಅಡಿಯಷ್ಟೇ ಎತ್ತರದಲ್ಲಿ ಹಾರಬೇಕಿತ್ತು. ಮೇ 8ರ ತನಕ ನಡೆದ ಈ ಹಾರಾಟಗಳಲ್ಲಿ ಬ್ರಿಟಿಷ್ ವಿಮಾನಗಳೇ 6,600 ಟನ್ನಿಗೂ ಹೆಚ್ಚು ಹಿಟ್ಟು, ಸಕ್ಕರೆ, ಮೊಟ್ಟೆಪುಡಿ, ಡಬ್ಬಿ ಆಹಾರ ಸುರಿದವು. ಅವೇ ಇಂಜಿನ್ನುಗಳು, ಅದೇ ಬಾಂಬುಗೂಡು, ಅದೇ ಬೋರಲು ಮಲಗಿದ ಹುಡುಗ, ಒತ್ತುವ ಗುಂಡಿಯೂ ಅದೇ. ಮಾಡುಗಳ ಮೇಲೆ ಹತ್ತಿ ಹಾಸಿಗೆ ಬಟ್ಟೆಗಳನ್ನು ಬೀಸುತ್ತಿದ್ದ ಜನ ಅವನಿಗೆ ಈಗ ಕಾಣುತ್ತಿದ್ದರು. ಹಿಟ್ಟಿನ ಮೂಟೆ ಒಡೆಯಬಾರದೆಂಬ ಕಾಳಜಿಯೇ ವಿಮಾನವನ್ನು ಕೆಳಗಿಳಿಸಿತ್ತು. ಮೊದಲು ಹತ್ತಿರವಾಗಿ, ಆಮೇಲೆ ಕರುಣೆ ಹುಟ್ಟಿದ್ದಲ್ಲ. ಕರುಣೆ ಮೊದಲು ಹುಟ್ಟಿತು, ಎತ್ತರ ಅದನ್ನು ಹಿಂಬಾಲಿಸಿತು.

ನಮ್ಮ ನೆಲದಲ್ಲೂ ಇಂಥದೊಂದು ವಿಮಾನವಿತ್ತು. ಡಕೋಟಾ. 1947ರ ಅಕ್ಟೋಬರ್ 27ರಂದು ಶ್ರೀನಗರಕ್ಕೆ ಸಿಖ್ ರೆಜಿಮೆಂಟಿನ ಸೈನಿಕರನ್ನು ಹೊತ್ತೊಯ್ದದ್ದು ಇದೇ. ಮಾರನೆಯ ವರ್ಷ ಮೇ 24ರಂದು ಏರ್ ಕಮೊಡೋರ್ ಮೆಹರ್ ಸಿಂಗ್, ಒತ್ತಡ ಕಾಯುವ ವ್ಯವಸ್ಥೆಯೇ ಇಲ್ಲದ ಈ ವಿಮಾನವನ್ನು ಹಿಮಶಿಖರಗಳ ಮೇಲೆ ಹಾರಿಸಿ ಲೇಹ್‌ನ ಮಣ್ಣಿನ ಪಟ್ಟಿಯ ಮೇಲೆ ಇಳಿಸಿದ. ಒಳಗೆ ಕೂತಿದ್ದವರು ನಮ್ಮ ಕೊಡಗಿನ ಜನರಲ್ ತಿಮ್ಮಯ್ಯ. ಮುತ್ತಿಗೆಗೆ ಸಿಕ್ಕ ಪೂಂಛ್‌ಗೆ ದವಸ, ಮದ್ದುಗುಂಡು ತಲುಪಿಸಿ, ಮರಳುವಾಗ ನಿರಾಶ್ರಿತರನ್ನು ತುಂಬಿಕೊಂಡು ಬಂದದ್ದೂ ಡಕೋಟಾಗಳೇ. ಬಾಂಬರ್‌ಗಳಿಲ್ಲದ ಆ ದಿನಗಳಲ್ಲಿ ಡಕೋಟಾದ ಸರಕಿನ ಬಾಗಿಲಿನಿಂದ ಬಾಂಬುಗಳನ್ನು ಉರುಳಿಸಿ ಬೀಳಿಸಿದ್ದೂ ಉಂಟು. ಯಾವ ಕೆಲಸ ಆ ವಿಮಾನದ ನಿಜವಾದ ಧರ್ಮ ಎಂದು ಕೇಳಿದರೆ ಲೋಹ ಉತ್ತರ ಹೇಳುವುದಿಲ್ಲ.

ಬೆಂಗಳೂರಿಗೂ ಈ ಕತೆಯಲ್ಲಿ ಪಾಲಿದೆ. ಎರಡನೆಯ ಮಹಾಯುದ್ಧ ಮುಗಿದ ಮೇಲೆ ಕಾನ್ಪುರದಲ್ಲಿ ಬಿಟ್ಟುಹೋದ, ಮತ್ತೆ ಹಾರದಂತೆ ಬೇಕೆಂದೇ ಕೆಡಿಸಿದ್ದ ಲಿಬರೇಟರ್ ಬಾಂಬರ್‌ಗಳನ್ನು ಹಿಂದೂಸ್ತಾನ್ ಏರ್‌ಕ್ರಾಫ್ಟ್‌ನವರು ಹೇಗೋ ಹಾರುವಷ್ಟು ಸರಿಮಾಡಿದರು. ಜಮ್ಷೆಡ್ ಮುನ್ಶಿ ಎಂಬ ಪೈಲಟ್ ಅವನ್ನು ಒಂದೊಂದಾಗಿ ಬೆಂಗಳೂರಿಗೆ ಹಾರಿಸಿ ತಂದ. ಇಲ್ಲಿನ ಕೆಲಸಗಾರರ ಕೈಯಲ್ಲಿ ಮರುಜನ್ಮ ಪಡೆದ ಅವು 1968ರ ತನಕ ದುಡಿದವು. ಕೊನೆಯ ವರ್ಷಗಳಲ್ಲಿ ಅವುಗಳ ಕೆಲಸ ಸಮುದ್ರದ ಮೇಲೆ ಕಾವಲು. ಊರು ಸುಡಲು ಹುಟ್ಟಿದ್ದು ಮತ್ತೆ ಕಣ್ಣಾಗಿ ಮುದಿಯಾಯಿತು.

ಈಗ ಆ ಕಣ್ಣಿಗೆ ಒಳಗೆ ಕೂರುವ ಮನುಷ್ಯನೇ ಬೇಕಿಲ್ಲ. ಅಮೆರಿಕದ ಪ್ರಿಡೇಟರ್ ಡ್ರೋನ್ 1995ರಲ್ಲಿ ಬೋಸ್ನಿಯಾದ ಮೇಲೆ ಹಾರಿದಾಗ ಅದರಲ್ಲಿ ಕ್ಯಾಮೆರಾ ಮಾತ್ರ ಇತ್ತು. 2001ರಲ್ಲಿ ಕ್ಷಿಪಣಿ ಬಂತು. ಅದನ್ನು ನಡೆಸುವವನು ಸಾವಿರಾರು ಮೈಲಿ ದೂರದ ಕೋಣೆಯಲ್ಲಿ ಕೂತು, ಒಬ್ಬ ಮನುಷ್ಯ ಬೆಳಗ್ಗೆ ಎದ್ದು ಅಂಗಳಕ್ಕೆ ಬರುವುದನ್ನು, ಮಕ್ಕಳೊಡನೆ ಆಡುವುದನ್ನು ದಿನಗಟ್ಟಲೆ ನೋಡುತ್ತಾನೆ. ಆಮೇಲೆ ಆದೇಶ ಬಂದರೆ ಗುಂಡಿ ಒತ್ತುತ್ತಾನೆ. ಲ್ಯಾಂಕಾಸ್ಟರ್‌ನ ಹುಡುಗನಿಗೆ ಕಾಣದೆ ಹೋದದ್ದೆಲ್ಲ ಇವನಿಗೆ ಕಾಣುತ್ತದೆ. ಕಂಡದ್ದು ಅವನ ಕೈಯನ್ನು ತಡೆಯುವುದಿಲ್ಲ, ನಿದ್ದೆಯನ್ನು ಕೆಡಿಸುತ್ತದೆ. ಹಾಗೆ ಮನಸ್ಸು ನುಗ್ಗಾದ ಅನೇಕರು ತಮ್ಮ ಸಂಕಟವನ್ನು ಬಾಯಿಬಿಟ್ಟು ಹೇಳಿಕೊಂಡಿದ್ದಾರೆ.

ನಮ್ಮ ನೌಕಾಪಡೆ 2020ರಲ್ಲಿ ಆ ವಂಶದ ಎರಡು ಡ್ರೋನ್‌ಗಳನ್ನು ಬಾಡಿಗೆಗೆ ತಂದಿತು, ಹಿಂದೂ ಮಹಾಸಾಗರವನ್ನು ನೋಡಲಿಕ್ಕೆ ಮಾತ್ರ. 2024ರ ಅಕ್ಟೋಬರಿನಲ್ಲಿ ಮೂರೂ ಪಡೆಗಳಿಗಾಗಿ 31 ಡ್ರೋನ್‌ಗಳ ಖರೀದಿಗೆ ಸಹಿಬಿತ್ತು. ಇವು ಶಸ್ತ್ರವನ್ನೂ ಹೊರಬಲ್ಲವು. ಗಡಿಯೂ ಕಡಲೂ ಇರುವ ದೇಶಕ್ಕೆ ಕಣ್ಣು ಬೇಕು, ಅದರಲ್ಲಿ ನನಗೆ ಅನುಮಾನವಿಲ್ಲ. ಅವು ಎಷ್ಟು ತಾಸು ಹಾರುತ್ತವೆ, ಎಷ್ಟು ಕ್ಷಿಪಣಿ ಒಯ್ಯುತ್ತವೆ ಎಂಬುದನ್ನು ಪತ್ರಿಕೆಗಳು ವಿವರವಾಗಿ ಬರೆದಿವೆ. ಅವು ಕಳಿಸುವ ಚಿತ್ರಗಳನ್ನು ಓದುವ ಕೋಣೆಯ ಬಗ್ಗೆ ಯಾರೂ ಬರೆದದ್ದನ್ನು ನಾನು ಕಾಣಲಿಲ್ಲ. ಅಲ್ಲಿ ಕೂರುವವರಿಗೆ ಯಾವ ಪ್ರಶ್ನೆಗಳನ್ನು ಕೊಟ್ಟಿರುತ್ತಾರೆ? ಕೇಳದೇ ಇದ್ದದ್ದೊಂದು ಆ ಪರದೆಯ ಅಂಚಿನಲ್ಲಿ ಮೂಡಿದರೆ, ಇದೇನೆಂದು ಎದ್ದು ಹೇಳುವ ಅಧಿಕಾರ ಅವರಲ್ಲಿ ಒಬ್ಬರಿಗಾದರೂ ಇರುತ್ತದೆಯೆ?